ಸೋಗೆಯ ಸುತ್ತುಕೋಟೆ

ಶಬ್ದ ಕೇಳಿಸಿದ ಕೂಡಲೇ ಗುಂಡಿ ಒತ್ತಬೇಕು. ಅಷ್ಟೇ ಕೆಲಸ. ಶಾಲೆಗೆ ಹೋಗದ ಮಗುವೂ ಒತ್ತುತ್ತದೆ. ಆದರೆ ಗಾಜಿನ ಆಚೆ, ದಪ್ಪ ಮೆತ್ತೆ ಹೊದಿಸಿದ ಗೋಡೆಗಳ ಪುಟ್ಟ ಕೋಣೆಯೊಳಗೆ, ಹೆಡ್‌ಫೋನ್ ಹಾಕಿಕೊಂಡು ಕೂತಿದ್ದ ಯುವಕ ಒತ್ತುತ್ತಲೇ ಇರಲಿಲ್ಲ.

ಪ್ರಜ್ಞಾ ಶಬ್ದ ಏರಿಸಿದಳು. ಗುಂಡಿಯ ದೀಪ ಹತ್ತಲಿಲ್ಲ. ಇನ್ನಷ್ಟು ಏರಿಸಿದಳು. ಆಗಲೂ ಇಲ್ಲ.

‘ಅಯ್ಯೋ, ಇಷ್ಟು ಚಿಕ್ಕ ವಯಸ್ಸಿಗೇ ಪೂರ್ತಿ ಹೋಗಿದ್ಯಾ?’ ಎಂದುಕೊಳ್ಳುತ್ತ ಮೈಕನ್ನು ತುಟಿಯ ಹತ್ತಿರ ತಂದಳು. "ಹೃಷಿಕೇಶ್? ಹೃಷಿಕೇಶ್, ನನ್ನ ದನಿ ಕೇಳಿಸ್ತಿದ್ಯಾ?"

ಅವನು ಬೆಚ್ಚಿಬಿದ್ದು ತಲೆ ಎತ್ತಿದ. ಕಣ್ಣು ಕೆಂಪಗಿದ್ದವು. ಕೆನ್ನೆಯ ಮೇಲೆ ಕುರ್ಚಿಯ ಗುರುತು ಮೂಡಿತ್ತು.

ಪ್ರಜ್ಞಾ ಎದ್ದು ಹೋಗಿ ಬಾಗಿಲು ತೆರೆದಳು. "ಮಲ್ಗಿದ್ರಾ?"

"ಇಲ್ಲ ಮೇಡಂ." ಅವಳ ಮುಖ ನೋಡಿ ದನಿ ಇಳಿಸಿದ. "ಹೂಂ ಮೇಡಂ."

"ಇದು ಲಾಡ್ಜಲ್ಲ ಕಣ್ರೀ. ಕಿವಿ ಟೆಸ್ಟ್ ಮಾಡೋ ಜಾಗ. ಇಡೀ ಕಡೂರು ಹೊರಗೆ ಕಾಯ್ತಾ ಕೂತಿದೆ."

ಅವನಿಗೆ ಬೈಗುಳ ತಾಗಿದಂತೆ ಕಾಣಲಿಲ್ಲ. ಅವಳನ್ನೇ ನೋಡುತ್ತಿದ್ದ. "ಹೆಸ್ರು ಹಿಡಿದು ಕೂಗಿದ್ದು ನೀವಾ?"

"ಇನ್ಯಾರು ಕೂಗ್ತಾರೆ?"

"ಅಲ್ಲಿ ಇದುವರೆಗೂ ಯಾರೂ ಕೂಗಿರ್ಲಿಲ್ಲ."

"ಎಲ್ಲಿ?"

ಅವನು ನಾಚಿದವನಂತೆ ನಕ್ಕ. "ಏನಿಲ್ಲ. ಟೆಸ್ಟ್ ಮಾಡಿ ಮೇಡಂ. ಈ ಸಲ ಮಲಗಲ್ಲ."

ಶಬ್ದಗಳ ಪರೀಕ್ಷೆ ಮುಗಿಯಿತು. ಮುಂದಿನದು ಮಾತಿನ ಪರೀಕ್ಷೆ. ಅವಳು ಬಾಯಿಗೆ ಅಂಗೈ ಅಡ್ಡ ಹಿಡಿದು ಒಂದೊಂದೇ ಪದ ಹೇಳಬೇಕು, ಅವನು ತಿರುಗಿ ಹೇಳಬೇಕು. ತುಟಿ ನೋಡಿ ಊಹಿಸುವಂತಿಲ್ಲ, ಅದಕ್ಕೇ ಅಂಗೈ.

"ಮನೆ."

"ಮನೆ."

"ಹಾಲು."

"ಹಾಲು."

"ದಾರಿ."

"ಕೇಳಿಸ್ಲಿಲ್ಲ. ಇನ್ನೊಂದ್ಸಲ?"

"ದಾರಿ."

"ದಾರಿ. ಮೊದಲ ಸಲಾನೇ ಕೇಳಿಸ್ತು. ಇನ್ನೊಂದ್ಸಲ ಕೇಳೋಣ ಅನ್ನಿಸ್ತು."

ಅಂಗೈ ಅಡ್ಡವಿದ್ದದ್ದು ಒಳ್ಳೆಯದಾಯಿತು. ಅವಳ ನಗು ಅವನಿಗೆ ಕಾಣಲಿಲ್ಲ.

ಅವಳು ಸ್ವಿಚ್ ತಿರುಗಿಸಿದಳು. ಈಗ ಎಡಗಿವಿ.

"ಮನೆ."

"ಕೊನೆ?"

"ದಾರಿ."

ಅವನು ಹುಬ್ಬು ಗಂಟಿಕ್ಕಿದ. "ಸದ್ದು ಬರ್ತಿದೆ ಮೇಡಂ. ಮಾತು ಬರ್ತಿಲ್ಲ. ಪಕ್ಕದ ಮನೇಲಿ ಯಾರೋ ಮಾತಾಡಿದ ಹಂಗೆ."

ಈ ಸಲ ಅವನು ಆಟವಾಡುತ್ತಿರಲಿಲ್ಲ. ಪ್ರಜ್ಞಾಳ ನಗು ಅಂಗೈಯ ಹಿಂದೆಯೇ ಆರಿಹೋಯಿತು. ಒಂದೇ ಕಿವಿ, ಸದ್ದು ಕೇಳುತ್ತದೆ, ಮಾತು ಒಡೆಯುತ್ತದೆ. ಇದರ ಅರ್ಥ ಅವಳಿಗೆ ಗೊತ್ತಿತ್ತು. ಗೊತ್ತಿಲ್ಲದಿದ್ದರೆ ಚೆನ್ನಾಗಿತ್ತು ಎಂದು ಓದಿದ ವಿದ್ಯೆಯ ಬಗ್ಗೆ ಅವಳಿಗೆ ಮೊದಲ ಬಾರಿ ಅನ್ನಿಸಿತು.

*

ಮಾರನೆಯ ದಿನ ಅವನು ಬೀರೂರು ಜಂಕ್ಷನ್ನಿನ ಪ್ಲಾಟ್‌ಫಾರಮ್ಮಿನ ಮೇಲೆ ಕೂತಿದ್ದ.

ಅವಳದು ಅಜ್ಜಂಪುರ, ಅವನದು ತರೀಕೆರೆ. ಎರಡು ಊರಿನ ಎರಡು ರೈಲು ಬೀರೂರಿನಲ್ಲಿ ಕೂಡುತ್ತವೆ. ಅಲ್ಲಿಂದ ಕಡೂರು ಕಣ್ಣು ಮುಚ್ಚಿ ತೆರೆಯುವಷ್ಟು ದೂರ. ಇಷ್ಟು ದಿನ ಒಂದೇ ಬೆಂಚಿನ ಎರಡು ತುದಿಯಲ್ಲಿ ಕೂತು ಒಬ್ಬರನ್ನೊಬ್ಬರು ನೋಡದೇ ಇದ್ದಿರಬೇಕು.

"ನಿದ್ದೆ ಯಾಕೆ ಮಾಡಲ್ಲ ನೀವು?" ಅವಳೇ ಕೇಳಿದಳು.

"ಹೆದ್ರಿಕೆ. ನಗಬಾರ್ದು."

"ನಗಲ್ಲ."

ಅವನು ಭೂಮಾಪಕ, ಕಡೂರಿನಲ್ಲೇ ಕಚೇರಿ. ಅಣ್ಣತಮ್ಮಂದಿರು ಬಂಡಿದಾರಿಗಾಗಿ ಹೊಡೆದಾಡುವಲ್ಲಿ ಹೋಗಿ, ನಕ್ಷೆ ಹರಡಿ, ಚೈನು ಎಳೆದು, ಇದೇ ದಾರಿ ಎಂದು ತೋರಿಸಿ ಬರುವುದು ಅವನ ನೌಕರಿ. "ಹಗಲು ಊರಿಗೆಲ್ಲ ದಾರಿ ತೋರಿಸ್ತೀನಿ. ಕಣ್ಣು ಮುಚ್ಚಿದ್ರೆ ನಂಗೇ ದಾರಿ ಇರಲ್ಲ."

ಬಾಟಲಿಯ ನೀರಿನಲ್ಲಿ ಬೆರಳದ್ದಿ ಸಿಮೆಂಟಿನ ಬೆಂಚಿನ ಮೇಲೆ ಗೆರೆ ಎಳೆಯತೊಡಗಿದ. ಸುತ್ತೊಳಗೊಂದು ಸುತ್ತು, ಅದರೊಳಗೆ ಇನ್ನೊಂದು.

"ಕೋಟೆ ಇದು. ಕಲ್ಲಿನದಲ್ಲ, ತೆಂಗಿನ ಸೋಗೆದು. ಸೋಗೆ ತಟ್ಟಿಗಳೇ ಗೋಡೆ, ತುದಿ ಕಾಣಲ್ಲ. ಒಳಗೆ ಯಾವಾಗ್ಲೂ ಮುಸ್ಸಂಜೆ. ಕತ್ತಲೂ ಆಗಲ್ಲ, ಬೆಳಗೂ ಆಗಲ್ಲ. ತಿರುವು ತಿರುವಿಗೂ ಒಂದು ಸರ್ವೆ ಕಲ್ಲು ನೆಟ್ಟಿರುತ್ತೆ. ನಂಬರ್ ಓದ್ಕೊಂಡು ಖುಷಿಯಿಂದ ಮುಂದಕ್ಕೆ ಹೋಗ್ತೀನಿ. ಮುಂದಿನ ಕಲ್ಲಿಗೂ ಅದೇ ನಂಬರ್."

"ಯಾವಾಗಿಂದ?"

"ಚಿಕ್ಕವನಾಗಿದ್ದಾಗ ಜ್ವರ ಬಂದ್ರೆ ಮಾತ್ರ ಬರ್ತಿತ್ತು. ಈ ವರ್ಷ ದಿನಾ. ಭಯ ಜಾಸ್ತಿ ಆದಾಗ ಎಚ್ಚರ ಆಗ್ಬಿಡುತ್ತೆ, ಬದುಕಿದೆ ಅಂದ್ಕೋತೀನಿ. ಅದೊಂದೇ ನಂಗಿರೋ ಬಾಗಿಲು."

ಅವನು ಒಳಸುತ್ತು ಮುಗಿಸುವಷ್ಟರಲ್ಲಿ ಹೊರಸುತ್ತು ಬಿಸಿಲಿಗೆ ಒಣಗಿ ಮಾಯವಾಗಿತ್ತು. ಅವನು ಮತ್ತೆ ಬೆರಳದ್ದಿದ.

"ನಿನ್ನೆ ನಿಮ್ಮ ರೂಮಲ್ಲಿ ಕೂತಾಗ ಅಲ್ಲೇ ಇದ್ದೆ. ಸೋಗೆ ಸರಸರ ಅಂತಿತ್ತು. ಆಗ ಯಾರೋ ನನ್ನ ಹೆಸ್ರು ಕೂಗಿದ್ರು, ಎಲ್ಲೋ ನಡುಮಧ್ಯದಿಂದ. ಆ ದನಿ ಹಿಡ್ಕೊಂಡು ಹೋದ್ರೆ ಸಿಗುತ್ತೆ ಅನ್ನಿಸ್ತು ಮೇಡಂ. ದಾರಿ."

ಪ್ರಜ್ಞಾ ಬೇರೇನೋ ಕೇಳಿಸಿಕೊಂಡಿದ್ದಳು. ಕೇಳಿಸಿಕೊಳ್ಳುವುದೇ ಅವಳ ಬದುಕು. ಅಪ್ಪ ಕರಿಯಣ್ಣ ಏಕತಾರಿ ಹಿಡಿದು ಪದ ಹೇಳುವಾಗ ಕಂಬಕ್ಕೊರಗಿ ಕೂತು ಕೇಳಿ ಬೆಳೆದವಳು, ಒಂದು ಅಕ್ಷರ ಜಾರಿದರೂ ಹಿಡಿಯುತ್ತಿದ್ದಳು.

"ಆ ಸೋಗೆ ಸದ್ದು," ಎಂದಳು ಮೆಲ್ಲಗೆ, "ಎಚ್ಚರ ಇದ್ದಾಗ್ಲೂ ಕೇಳುತ್ತಾ?"

ಅವನು ಆಶ್ಚರ್ಯದಿಂದ ನೋಡಿದ. "ಹೂಂ. ಎಡಗಡೆ. ಈಗ್ಲೂ ಕೇಳ್ತಿದೆ. ನಿಮ್ಗೆ ಹೆಂಗ್ ಗೊತ್ತಾಯ್ತು?"

ಕಡೂರಿನ ರೈಲು ಬಂತು. ಅವಳು ಹತ್ತಿದಳು. ಕಿಟಕಿಯ ಪಕ್ಕ ಕೂತು, "ಡಾಕ್ಟ್ರು ಸ್ಕ್ಯಾನ್ ಬರ್ದಿದಾರಲ್ಲ, ಮುಂದಕ್ಕೆ ಹಾಕ್ಬೇಡಿ" ಎಂದಷ್ಟೇ ಹೇಳಿದಳು.

*

ಸ್ಕ್ಯಾನಿಗೆ ದಿನ ಸಿಗುವವರೆಗೆ ಅವರು ದಿನವೂ ಅದೇ ಬೆಂಚಿನ ಮೇಲೆ ಸೇರಿದರು. ಬೆಳಿಗ್ಗೆ ಕಡೂರಿನ ಗಾಡಿಗೆ ಕಾಯುತ್ತ, ಸಂಜೆ ತಂತಮ್ಮ ಊರಿನ ಗಾಡಿಗೆ ಕಾಯುತ್ತ. ಬೆಂಚಿನ ಎರಡು ತುದಿಗಳು ಯಾವಾಗ ಹತ್ತಿರ ಬಂದವೋ ಇಬ್ಬರೂ ಗಮನಿಸಲಿಲ್ಲ. ಅಥವಾ ಇಬ್ಬರೂ ಗಮನಿಸಿ ಸುಮ್ಮನಿದ್ದರು.

ಅವನು ಯಾವಾಗಲೂ ಅವಳ ಎಡಕ್ಕೇ ಕೂರುತ್ತಿದ್ದ, ತನ್ನ ಬಲಗಿವಿ ಅವಳ ಕಡೆ ಇರುವಂತೆ. ಒಂದು ದಿನ ಅವಳು ಬೇಕೆಂದೇ ಆ ಜಾಗದಲ್ಲಿ ಬ್ಯಾಗಿಟ್ಟಳು. ಅವನು ಬ್ಯಾಗನ್ನು ಎತ್ತಿ ತೊಡೆಯ ಮೇಲಿಟ್ಟುಕೊಂಡು ಕೂತ.

"ಏನಪ್ಪಾ, ಸರ್ಕಾರಿ ಜಾಗ ಒತ್ತುವರಿ ಮಾಡ್ತಿದೀರಾ?"

"ನನ್ ಹೆಸರಿಗೆ ಖಾತೆ ಆಗಿದೆ ಮೇಡಂ. ಬೇಕಿದ್ರೆ ಅಳತೆ ಮಾಡಿಸಿ."

ಅವಳು ಅವನಿಗೆ ಅಪ್ಪ ಕಟ್ಟಿದ ಪದವೊಂದನ್ನು ಹೇಳಿಕೊಟ್ಟಳು. ಕೋಟೆಯೊಳಗೆ ಸಿಕ್ಕಿಬಿದ್ದಾಗ ಹೇಳಿಕೊಳ್ಳಿ ಎಂದು.

ಏಳು ಸುತ್ತಿನ ಕೋಟೆ, ಏಳಕೂ ಒಂದೆ ದಾರಿ
ಹೋಗೋನಿಗು ಅದೆಯೆ, ಬರೋನಿಗು – ಒಳಗಿರುವ
ದೀಪದ ಬೆಳಕಿಗು ಅದೆ ದಾರಿ.

"ಹೋಗೋನಿಗೂ ಬರೋನಿಗೂ ಒಂದೇ ದಾರಿ," ಅವನು ನಕ್ಕ. "ನಮ್ಮ ಮಾತೂ ಹಂಗೇ ಅಲ್ವಾ? ಹೊರಟೋನೂ ‘ಬತ್ತೀನಿ’ ಅಂತಾನೆ, ಬರೋನೂ ‘ಬತ್ತೀನಿ’ ಅಂತಾನೆ. ನಕ್ಷೇಲಿ ನಾನು ಹಿಂಗೆ ಬರೆದ್ರೆ ಸಸ್ಪೆಂಡ್ ಮಾಡ್ತಾರೆ."

"ಹೋಗ್ತೀನಿ ಅನ್ಬಾರ್ದು ಅಂತ ಹಂಗನ್ನೋದು. ಹೋಗ್ತೀನಿ ಅಂದೋರು ಹೋಗ್ಬಿಡ್ತಾರಂತೆ."

ತರೀಕೆರೆಯ ಗಾಡಿ ಬಂತು. ಅವನು ಅವಳ ಬ್ಯಾಗನ್ನು ಬೆಂಚಿನ ಮೇಲೆ ತನ್ನ ಜಾಗದಲ್ಲಿಟ್ಟು, "ಖಾತೆ ಕಾಯ್ಕೊಂಡಿರಿ. ಬತ್ತೀನಿ ಮೇಡಂ" ಎಂದು ಹತ್ತಿದ. ಗಾಡಿ ಬಾಗುವಿನಲ್ಲಿ ಮರೆಯಾಗುವವರೆಗೆ ಬಾಗಿಲಲ್ಲೇ ನಿಂತಿದ್ದ.

*

ಸ್ಕ್ಯಾನ್ ಬಂದ ದಿನ ಕಡೂರು ಆಸ್ಪತ್ರೆಯ ಡಾಕ್ಟರ್ ರುದ್ರಮೂರ್ತಿ ಅವನನ್ನು ಒಳಗೆ ಕೂರಿಸಿಕೊಂಡು ವಿವರಿಸಿದರು. ಎಡಗಿವಿಯಿಂದ ಮಿದುಳಿಗೆ ಹೋಗುವ ನರದ ಮೇಲೆ ಒಂದು ಗಂಟು. ಕೆಟ್ಟದ್ದಲ್ಲ, ಆದರೆ ಬಿಡುವಂತಿಲ್ಲ. ಬೆಂಗಳೂರಿನಲ್ಲಿ ತೆಗೆಯಬೇಕು. ದೊಡ್ಡ ಆಪರೇಷನ್. ಎಡಗಿವಿ ಉಳಿಯುವುದಿಲ್ಲ.

ಸಂಜೆ ಬೀರೂರಿನಲ್ಲಿ ಅವನು ಅದೇ ಬೆಂಚಿನ ಮೇಲೆ ಕೂತು ಹಳಿಯನ್ನೇ ನೋಡುತ್ತಿದ್ದ. ಹಳಿಯ ಮೇಲೆ ಒಂದು ನಾಯಿ ಯೋಚಿಸುತ್ತ ನಿಂತಿತ್ತು.

"ಮೇಡಂ, ಒಂದು ಕೇಳ್ತೀನಿ. ಡಾಕ್ಟ್ರಿಗೆ ಕೇಳೋಕೆ ನಾಚ್ಕೆ ಆಯ್ತು. ಒಂದೇ ಕಿವಿ ಇದ್ರೆ, ದನಿ ಯಾವ ಕಡೆಯಿಂದ ಬರುತ್ತೆ ಅಂತ ಗೊತ್ತಾಗುತ್ತಾ?"

ಸುಳ್ಳು ಹೇಳಬಹುದಿತ್ತು. ನಾಲಿಗೆಯ ತುದಿಗೆ ಬಂದೂ ಇತ್ತು.

"ಗೊತ್ತಾಗಲ್ಲ," ಎಂದಳು. "ಕೇಳುತ್ತೆ. ದಿಕ್ಕು ಗೊತ್ತಾಗಲ್ಲ. ದಿಕ್ಕಿಗೆ ಎರಡೂ ಬೇಕು."

ಅವನು ತಲೆಯಾಡಿಸಿದ. "ಅದೇ ಅಂದ್ಕೊಂಡೆ. ಇಷ್ಟು ದಿನ ನಿಮ್ಮ ದನಿ ಹಿಡ್ಕೊಂಡು ದಿನಾ ಒಂದೊಂದು ಸುತ್ತು ಒಳಗೆ ಹೋಗ್ತಿದ್ದೆ. ಇನ್ನು ದನಿ ಕೇಳುತ್ತೆ, ಎಲ್ಲಿಂದ ಅಂತ ಗೊತ್ತಾಗಲ್ಲ. ಅದರ ಮೇಲೆ ಮತ್ತಿನ ಇಂಜೆಕ್ಷನ್. ಭಯ ಆದ್ರೂ ಎಚ್ಚರ ಆಗೋ ಹಂಗಿಲ್ಲ." ನಗಲು ನೋಡಿದ. "ಗಂಟಿಗೆ ಹೆದರಿಲ್ಲ ಕಣ್ರೀ. ಆ ನಿದ್ದೆಗೆ ಹೆದರ್ತಿದೀನಿ. ವಾಪಸ್ ಬರೋಕೆ ಆಗ್ದೇ ಹೋದ್ರೆ?"

"ಹಂಗೆಲ್ಲ ಆಗಲ್ಲ."

"ಇದು ಓದಿರೋ ಮಾತಾ, ಸಮಾಧಾನದ ಮಾತಾ?"

ಅವನು ಬೆಂಚಿನ ಅಂಚನ್ನು ಉಗುರಿನಿಂದ ಗೀರುತ್ತ, ಅವಳ ಕಡೆ ನೋಡದೆ, "ಪ್ರಜ್ಞಾ" ಎಂದ. ಮೇಡಂ ಬಿಟ್ಟು ಹೆಸರು ಹಿಡಿದದ್ದು ಅದೇ ಮೊದಲು.

"ನನ್ನ ಮದ್ವೆ ಆಗ್ತೀಯಾ?"

ಅವಳು ಬಾಯಿ ತೆರೆಯುವಷ್ಟರಲ್ಲಿ ಅವನೇ ಮುಂದುವರಿಸಿದ.

"ಈಗ್ಲೇ ಹೇಳ್ಬೇಡ. ಈಗ ಹೂಂ ಅಂದ್ರೆ ಪಾಪ ಅಂತ ಅಂದಿದ್ದು ಅನ್ಸುತ್ತೆ. ಇಲ್ಲ ಅಂದ್ರೆ ಅದನ್ನ ಹೊತ್ಕೊಂಡು ಒಳಗೆ ಹೋಗ್ಬೇಕಾಗುತ್ತೆ. ಆಪರೇಷನ್ ಹಿಂದಿನ ದಿನ ಫೋನ್ ಮಾಡ್ತೀನಿ. ಆಗ ಹೇಳು."

*

ಅವನು ಬೆಂಗಳೂರಿನಿಂದ ಫೋನ್ ಮಾಡಿದಾಗ ಅವಳು ಅದೇ ಬೆಂಚಿನ ಮೇಲಿದ್ದಳು. ಪಕ್ಕದ ಜಾಗದಲ್ಲಿ ಬ್ಯಾಗಿತ್ತು. ಉತ್ತರ ಅವಳಲ್ಲಿ ಎಂದೋ ಸಿದ್ಧವಾಗಿತ್ತು. ಆದರೆ ಆ ಮಾತನ್ನು ಫೋನಿನಲ್ಲಿ ಹೇಳಬಾರದು, ಅವನ ಬಲಗಡೆ ಕೂತು ಹೇಳಬೇಕು ಎಂದು ತೀರ್ಮಾನಿಸಿದ್ದಳು. ಬೆಳಗಿನ ಗಾಡಿಗೆ ಟಿಕೆಟ್ಟೂ ಆಗಿತ್ತು. ಆಪರೇಷನ್ ಮಧ್ಯಾಹ್ನ. ಅಷ್ಟರಲ್ಲಿ ತಲುಪಬಹುದು.

"ಹೇಳು," ಅವನ ದನಿ ಸಣ್ಣಗಿತ್ತು. "ಉತ್ರ ಏನು?"

ಮೇಲಿನ ಸ್ಪೀಕರ್ ಅಜ್ಜಂಪುರದ ಗಾಡಿಯ ಬಗ್ಗೆ ಅರಚತೊಡಗಿತು. ಗಾಡಿಯೂ ನುಗ್ಗಿ ಬಂತು. ಜನ ಎದ್ದು ಓಡಿದರು. ಆ ಗದ್ದಲದ ನಡುವೆ ಅವಳು ಫೋನಿಗೆ ಬಾಯಿ ಒತ್ತಿ ಕೂಗಿದಳು:

"ಬತ್ತೀನಿ!"

"ಏನು?"

"ಬತ್ತೀನಿ, ಬತ್ತೀನಿ!"

ಫೋನ್ ಕಟ್ಟಾಯಿತು. ಗಾಡಿ ಹತ್ತಿ ಕೂತ ಮೇಲೆ ಮತ್ತೆ ಮಾಡಿದಳು. ಸ್ವಿಚ್ ಆಫ್. ಮನೆ ಸೇರಿ ಮಾಡಿದಳು. ಸ್ವಿಚ್ ಆಫ್. ಪರವಾಗಿಲ್ಲ, ಬರುತ್ತೇನೆಂದು ಹೇಳಿಯಾಗಿದೆಯಲ್ಲ ಎಂದು ಸಮಾಧಾನ ಮಾಡಿಕೊಂಡಳು.

ಮನೆಯಲ್ಲಿ ಅವ್ವ ಭಾಗಮ್ಮ ಕಣ್ಣು ಸಣ್ಣ ಮಾಡಿದಳು. "ಕಿವಿ ಟೆಸ್ಟ್ ಮಾಡ್ದೋರ ಹಿಂದೆಲ್ಲ ಬೆಂಗ್ಳೂರಿಗೆ ಹೋಗೋದು ಯಾವ ರೂಲ್ಸಲ್ಲಿದೆ ಕಣೇ?"

"ಪೇಷಂಟ್ ಕಣವ್ವ."

"ನಾನೇನು ಕೇಳ್ದೆ? ನೀನ್ಯಾಕೆ ಕೆಂಪಗಾದೆ?"

ಕರಿಯಣ್ಣ ಬುದ್ಧನ ಪಟದ ಮುಂದಿನ ದೀಪಕ್ಕೆ ಎಣ್ಣೆ ಹೊಯ್ಯುತ್ತಿದ್ದವರು ತಿರುಗದೆಯೇ ಹೇಳಿದರು: "ಸುಮ್ಕಿರೇ. ಮಗಳು ಕಿವಿ ನೋಡೋಕೆ ಹೋಗಿ ಇನ್ನೇನೋ ಕೇಳಿಸ್ಕೊಂಡವ್ಳೆ."

ಬೆಳಿಗ್ಗೆ ಹೊರಡುವಾಗ ಭಾಗಮ್ಮ ಏನೂ ಮಾತಾಡದೆ ತನ್ನ ಸೆರಗಿನ ತುದಿಗೆ ಒಂದು ಗಂಟು ಹಾಕಿಕೊಂಡಳು. ಕಳೆದುಹೋದದ್ದು ಸಿಗಲಿ ಎಂದು ಹಾಕುವ ಗಂಟು ಅದು. ಕುರಿ ತಪ್ಪಿಸಿಕೊಂಡರೆ, ಓಲೆಯ ತಿರುಪು ಬಿದ್ದುಹೋದರೆ ಹಾಕುತ್ತಿದ್ದಳು.

"ಸಿಕ್ಕಿದ ಮೇಲೆ ಬಿಚ್ತೀನಿ. ಹೋಗ್ಬಾ."

*

ಗಾಡಿ ಕಡೂರು ದಾಟಿತು. ಕಿಟಕಿಯ ಆಚೆ ತೆಂಗಿನ ತೋಟಗಳು ಒಂದರ ಹಿಂದೊಂದು ಓಡುತ್ತಿದ್ದವು. ಆತಂಕದಿಂದ ರಾತ್ರಿಯೆಲ್ಲ ಹೊರಳಾಡಿದ್ದ ಪ್ರಜ್ಞಾ ಕಿಟಕಿಯ ಸರಳಿಗೆ ಹಣೆ ಆನಿಸಿದಳು. ಗರಿಗಳ ಸರಸರ ಹತ್ತಿರ ಬಂತು. ಇನ್ನೂ ಹತ್ತಿರ ಬಂತು.

ಮುಸ್ಸಂಜೆ.

ಕಾಲಡಿಗೆ ನುಣ್ಣನೆಯ ಧೂಳು. ಎರಡೂ ಕಡೆ ಆಕಾಶ ಮುಚ್ಚುವಷ್ಟು ಎತ್ತರಕ್ಕೆ ಹೆಣೆದ ಸೋಗೆ. ಸಂದಿಯಲ್ಲಿ ಸಣ್ಣ ಸಣ್ಣ ಬೆಳಕು, ಆಚೆ ಯಾರೋ ದೀಪ ಹಿಡಿದು ನಡೆದಂತೆ. ಎದುರಿಗೆ ಸರ್ವೆ ಕಲ್ಲು. ಅವಳು ಬಗ್ಗಿ ನಂಬರು ನೋಡಿದಳು, ಎಡಕ್ಕೆ ತಿರುಗಿದಳು. ಮತ್ತೆ ಕಲ್ಲು. ಅದೇ ನಂಬರು.

ಅವನು ಹೇಳಿದ್ದೆಲ್ಲ ನಿಜ. ಹೇಳದೇ ಬಿಟ್ಟದ್ದು ಒಂದಿತ್ತು: ಇಲ್ಲಿ ಕೂಗಿದ ದನಿಯನ್ನು ಸೋಗೆ ಕುಡಿದುಬಿಡುತ್ತಿತ್ತು.

"ಹೃಷಿ!"

ಸರಸರ.

"ಹೃಷಿ, ಇಲ್ಲಿದೀನಿ!"

ಗೋಡೆಯ ಆಚೆ ಹೆಜ್ಜೆಯ ಸದ್ದು. ಅವನದೇ. ಹತ್ತಿರ ಬರುತ್ತದೆ, ನಿಲ್ಲುತ್ತದೆ, ತಪ್ಪು ದಿಕ್ಕಿಗೆ ತಿರುಗುತ್ತದೆ, ದೂರವಾಗುತ್ತದೆ. ಅವಳು ಕೂಗಿದಷ್ಟೂ ಅವನು ದೂರ ಹೋಗುತ್ತಿದ್ದ. ದಿಕ್ಕು ಗೊತ್ತಾಗಲ್ಲ ಎಂದು ತನ್ನ ಬಾಯಿಂದಲೇ ಹೇಳಿದ್ದಳಲ್ಲ!

ಆಗ ಅವ್ವನ ಸೆರಗು ನೆನಪಾಯಿತು. ಗೋಡೆಯಿಂದ ಇಣುಕಿದ್ದ ಒಂದು ಗರಿಯನ್ನು ಎಳೆದು ಗಂಟು ಹಾಕಿದಳು. ಮುಂದಿನ ತಿರುವಿನಲ್ಲಿ ಇನ್ನೊಂದು. ಕಣ್ಣಿಗೆ ಕಾಣದಿದ್ದರೂ, ಕಿವಿಗೆ ತಿಳಿಯದಿದ್ದರೂ, ಕೈಗೆ ಸಿಗುತ್ತದೆ. ಗಂಟು ಹಾಕುತ್ತ, ಅಪ್ಪನ ಪದ ಹೇಳುತ್ತ, ಒಳಗೊಳಗೆ ನಡೆದಳು. ಇನ್ನೇನು ಕೊನೆಯ ಸುತ್ತು—

"ಟೀ, ಟೀ, ಟೀ!"

ಕಣ್ಣು ಬಿಟ್ಟಳು. ಗಾಡಿ ಯಾವುದೋ ಬಯಲಲ್ಲಿ ನಿಂತಿತ್ತು. "ಮುಂದೆ ಸಿಗ್ನಲ್ ಕೆಟ್ಟಿದೆಯಂತೆ" ಎಂದರು ಎದುರಿನ ಹೆಂಗಸು. ಬೆರಳುಗಳು ದುಪಟ್ಟಾದ ಅಂಚನ್ನು ಬಿಗಿಯಾಗಿ ಹಿಡಿದುಕೊಂಡಿದ್ದವು. ‘ಅವನು ಇನ್ನೂ ಒಳಗೇ ಇದ್ದಾನೆ. ನಾನು ಹೊರಗೆ ಬಂದುಬಿಟ್ಟೆ’ ಅನ್ನಿಸಿತು. ಗಾಡಿ ಕದಲಲಿಲ್ಲ. ಅವಳು ಬಾಗಿಲಿಗೆ ಹೋಗಿ ನಿಂತು ಬಂದಳು, ಕೂತಳು, ಮತ್ತೆ ಎದ್ದಳು.

*

ಆಸ್ಪತ್ರೆಯ ಮೂರನೇ ಮಹಡಿಯಲ್ಲಿ ಥಿಯೇಟರ್ ಮುಂದಿನ ಕುರ್ಚಿಯಲ್ಲಿ ಒಬ್ಬ ತಾಯಿ ಕೈಚೀಲವನ್ನು ತಬ್ಬಿಕೊಂಡು ಕೂತಿದ್ದರು. ಅವನದೇ ಹಣೆ, ಅವನದೇ ಮೂಗು. ಅವನ ಅಮ್ಮ, ಲಲಿತಮ್ಮ.

"ಹೃಷಿಕೇಶ್..." ಪ್ರಜ್ಞಾ ಏದುಸಿರು ಬಿಡುತ್ತಿದ್ದಳು.

"ಆಗ್ಲೇ ಒಳಗೆ ಕರ್ಕೊಂಡೋದ್ರಮ್ಮ. ಮಧ್ಯಾಹ್ನ ಅಂದೋರು ಬೆಳಿಗ್ಗೇನೇ ಕರೆದ್ರು. ನೀನ್ಯಾರು?"

"ಪ್ರಜ್ಞಾ. ಅಜ್ಜಂಪುರ."

ಲಲಿತಮ್ಮ ಎದ್ದು ನಿಂತರು. ಮುಖದಲ್ಲಿ ಸಿಟ್ಟೋ ಬೆರಗೋ ತಿಳಿಯಲಿಲ್ಲ. "ನೀನು ಬರಲ್ಲ ಅಂದ್ಯಂತಲ್ಲ?"

"ನಾನಾ? ಬತ್ತೀನಿ ಅಂತ ಹೇಳಿದೀನಿ ಅಮ್ಮ!"

"ಅದೇ! ಏನಂದ್ಲೋ ಹುಡುಗಿ ಅಂತ ಕೇಳ್ದೆ. ‘ಬತ್ತೀನಿ ಅಂತಂದು ಫೋನಿಟ್ಲಮ್ಮ. ಬತ್ತೀನಿ ಬತ್ತೀನಿ ಅಂತ ಎರಡು ಸಲ. ಮುಗೀತು’ ಅಂದ. ಫೋನು ಆಫ್ ಮಾಡಿ ಗೋಡೆ ಕಡೆ ತಿರುಗಿ ಮಲಗ್ಬಿಟ್ಟ."

ಪ್ರಜ್ಞಾ ಕುರ್ಚಿ ಹಿಡಿದು ಕೂತಳು. ತಾನು ಬರುವ ಮಾತು ಹೇಳಿದ್ದಳು. ಅವನು ಹೊರಡುವ ಮಾತು ಕೇಳಿಸಿಕೊಂಡಿದ್ದ. ಅಕ್ಷರ ಒಂದೂ ಜಾರಿರಲಿಲ್ಲ. ಮಾತು ಪೂರ್ತಿಯಾಗಿ, ಸರಿಯಾಗಿ, ಅವನ ಒಳ್ಳೆಯ ಕಿವಿಗೇ ತಲುಪಿತ್ತು. ಅದನ್ನೇ ಹೊತ್ತುಕೊಂಡು ಅವನು ಆ ನಿದ್ದೆಯೊಳಗೆ ಹೋಗಿದ್ದ.

"ಅಮ್ಮ, ನಾನು ಬತ್ತೀನಿ ಅಂದಿದ್ದು... ಇಲ್ಲಿಗೆ ಬತ್ತೀನಿ ಅಂತ..." ಮುಂದಕ್ಕೆ ಆಗಲಿಲ್ಲ. ಅಳು ಬಂತು.

ಲಲಿತಮ್ಮ ಅವಳನ್ನೇ ನೋಡಿದರು. ಮೆಲ್ಲಗೆ ಅರ್ಥವಾಯಿತು. "ಅಯ್ಯೋ ನನ್ ಕರ್ಮವೇ," ಎಂದು ಹಣೆ ಬಡಿದುಕೊಂಡವರು, ಅಳುತ್ತಲೇ ಅರ್ಧ ನಕ್ಕುಬಿಟ್ಟರು. "ಇಷ್ಟು ಓದಿದೀರಿ ಇಬ್ರೂ. ‘ಬೆಳಿಗ್ಗೆ ಟ್ರೈನಿಗೆ ಬೆಂಗ್ಳೂರಿಗೆ ಬತ್ತೀನಿ’ ಅಂತ ಒಂದ್ ಮಾತು ಹೆಚ್ಚಿಗೆ ಹೇಳೋಕೆ ಏನಾಗಿತ್ತೇ?"

ಚೀಲದಿಂದ ಫ್ಲಾಸ್ಕ್ ತೆಗೆದು ಮುಚ್ಚಳಕ್ಕೆ ಕಾಫಿ ಬಗ್ಗಿಸಿ ಅವಳ ಕೈಗಿಟ್ಟರು. ಅವಳು ಕುಡಿದು ಕೊಟ್ಟ ಅದೇ ಮುಚ್ಚಳದಲ್ಲಿ ತಾವೂ ಬಗ್ಗಿಸಿಕೊಂಡು ಕುಡಿದರು.

"ನಿಮ್ಮನೇಲಿ ಬುದ್ಧನ್ನ ಇಟ್ಟಿದೀರಂತೆ. ಹೃಷಿ ಹೇಳ್ದ. ನಮ್ಮನೇಲಿ ರಾಮ. ಇವತ್ತು ಇಬ್ರೂ ಒಳಗಿರ್ಲಿ. ಯಾರು ಕೈ ಹಿಡಿದು ಕರ್ಕೊಂಡು ಬಂದ್ರೂ ನಂಗೆ ಸರಿ."

ಗಂಟೆಗಳು ಜರುಗಲಿಲ್ಲ. ಥಿಯೇಟರಿನ ಬಾಗಿಲು ತೆರೆದಾಗಲೆಲ್ಲ ಇಬ್ಬರೂ ಒಟ್ಟಿಗೆ ಎದ್ದರು, ಬೇರೆ ಯಾರದೋ ಹೆಸರು ಕೇಳಿ ಒಟ್ಟಿಗೆ ಕೂತರು. ಪ್ರಜ್ಞಾ ಕಣ್ಣು ಮುಚ್ಚಿ ಆ ಕೋಟೆಗೆ ಮತ್ತೆ ಹೋಗಲು ನೋಡಿದಳು. ನಿದ್ದೆ ಬರಲಿಲ್ಲ. ಎಚ್ಚರದಿಂದ ಅಲ್ಲಿಗೆ ದಾರಿಯಿಲ್ಲ. ಆದ್ದರಿಂದ ತುಟಿಯಲ್ಲೇ ಪದ ಹೇಳಿಕೊಂಡಳು: ಹೋಗೋನಿಗು ಅದೆಯೆ, ಬರೋನಿಗು. ನೂರು ಗೋಡೆಯ ಆಚೆಗಾದರೂ ಇದು ಕೇಳಿಸಲಿ. ದಿಕ್ಕು ತಿಳಿಯದಿದ್ದರೂ ಕೇಳಿಸಲಿ.

ಸಂಜೆ ಡಾಕ್ಟರು ಬಂದು, ಗಂಟು ಪೂರ್ತಿ ತೆಗೆದಿದ್ದೇವೆ, ಎಚ್ಚರವಾಗಲು ಹೊತ್ತು ಹಿಡಿಯುತ್ತೆ ಎಂದರು. ಆ ಹೊತ್ತು ಮುಗಿಯಲಿಲ್ಲ. ಇಬ್ಬರೂ ಕುರ್ಚಿಯಲ್ಲೇ ಬೆಳಗು ಮಾಡಿದರು.

*

ಕಿಟಕಿಗೆ ಬಿಸಿಲು ಬಂದ ಮೇಲೆ ಒಳಗಿನಿಂದ ನರ್ಸ್ ಬಂದಳು. ಮುಖದಲ್ಲಿ ಗೊಂದಲವಿತ್ತು.

"ಹೃಷಿಕೇಶ್ ಕಡೆಯೋರು ಯಾರು? ಕಣ್ಣೇನೋ ಬಿಟ್ರು. ಆದ್ರೆ ಮಾತು ಒಂಥರಾ ಇದೆ. ಡಾಕ್ಟ್ರು ನನ್ನ ಹತ್ರ ‘ಪ್ರಜ್ಞೆ ಬಂತಾ’ ಅಂತ ಕೇಳಿದ್ರೆ, ಇವರೇ ‘ಇಲ್ಲ ಸಾರ್, ಅವಳು ಬರಲ್ಲ’ ಅಂತಾರೆ."

ಲಲಿತಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ಭುಜ ಕುಲುಕುತ್ತಿತ್ತು. ಇನ್ನೊಂದು ಕೈಯಿಂದ ಪ್ರಜ್ಞಾಳನ್ನು ಮುಂದಕ್ಕೆ ತಳ್ಳಿದರು. "ಬಂದಿದಾಳೆ ಸಿಸ್ಟರ್. ನಿನ್ನೇನೇ ಬಂದಿದಾಳೆ. ಒಳಗೆ ಬಿಡಿ."

ತಲೆಗೆ ಬಿಳಿ ಬ್ಯಾಂಡೇಜು. ಮುಖ ಬಾಡಿತ್ತು. ಅವನು ಕಣ್ಣು ಮುಚ್ಚಿದ್ದ. ಪ್ರಜ್ಞಾ ಹಾಸಿಗೆ ಸುತ್ತಿ ಬಂದು ಅವನ ಬಲಗಡೆ ಕೂತಳು. ಏನು ಹೇಳಬೇಕೆಂದು ರಾತ್ರಿಯೆಲ್ಲ ಜೋಡಿಸಿಟ್ಟಿದ್ದ ಮಾತು ಒಂದೂ ಉಳಿದಿರಲಿಲ್ಲ. ಅಭ್ಯಾಸಬಲದಿಂದ ಅಂಗೈ ಬಾಯಿಗೆ ಅಡ್ಡ ಹೋಯಿತು.

"ಮನೆ," ಎಂದಳು.

ಅವನ ರೆಪ್ಪೆ ಅಲುಗಿತು. ಬಹಳ ಹೊತ್ತಾದ ಮೇಲೆ ಒಣಗಿದ ತುಟಿ ತೆರೆಯಿತು. "...ಮನೆ."

"ಹಾಲು."

"ಹಾಲು."

"ದಾರಿ."

ಅವನು ಕಣ್ಣು ಬಿಟ್ಟ. ಅವಳನ್ನು ನೋಡಿದ. ನಂಬಿಕೆಯಾಗದೆ ಸೀಲಿಂಗ್ ನೋಡಿದ, ಮತ್ತೆ ಅವಳನ್ನು ನೋಡಿದ. "ದಾರಿ ಸಿಕ್ತು ಪ್ರಜ್ಞಾ," ಎಂದ. ದನಿ ಗಾಳಿಯಷ್ಟಿತ್ತು. "ನೀನು ಕೂಗ್ತಿದ್ದೆ. ಯಾವ ಕಡೆ ಅಂತ ಗೊತ್ತಾಗ್ಲಿಲ್ಲ. ಓಡಾಡ್ದೆ ಓಡಾಡ್ದೆ, ಸಾಕಾಯ್ತು. ಆಮೇಲೆ ನಿಂತುಬಿಟ್ಟೆ. ನಾನು ಹೋಗೋಕಾಗಲ್ಲ, ಬರೋದಿದ್ರೆ ದನಿನೇ ಬರ್ಲಿ ಅಂತ. ಬಂತು. ಪದ ಹೇಳ್ಕೊಂಡು, ನಡ್ಕೊಂಡು ಬಂತು."

"ಮಾತಾಡ್ಬೇಡ. ಸುಸ್ತಾಗುತ್ತೆ."

"ವಾಪಸ್ ಬರೋಕೆ ಭಯ ಆಗ್ಲಿಲ್ಲ. ತಿರುವು ತಿರುವಿಗೂ ಯಾರೋ ಗರಿಗೆ ಗಂಟು ಹಾಕಿದ್ರು. ಸಡಿಲ ಗಂಟು. ಮುಟ್ಕೊಂಡು ಮುಟ್ಕೊಂಡು ಬಂದೆ."

ಆ ಗಂಟುಗಳ ವಿಷಯ ಪ್ರಜ್ಞಾ ಯಾರಿಗೂ ಹೇಳಿರಲಿಲ್ಲ. ಲಲಿತಮ್ಮನಿಗೂ ಹೇಳಿರಲಿಲ್ಲ.

"ಸಡಿಲ ಅಂತೆ," ಎಂದಳು, ಕಣ್ಣೀರು ಅಂಗೈಯ ಹಿಂದೆ ಇಳಿಯುತ್ತಿತ್ತು. "ಆತುರದಲ್ಲಿ ಹಾಕಿದ್ದು ಕಣೋ. ಇನ್ನು ಹೆಂಗಿರುತ್ತೆ?"

ಅವನು ಅದನ್ನು ಕೇಳಿಸಿಕೊಂಡು, ಮನಸ್ಸಿನಲ್ಲೇ ತಿರುಗಿಸಿ ತಿರುಗಿಸಿ ನೋಡಿದ. ಆಮೇಲೆ ಮೆಲ್ಲಗೆ ಕೇಳಿದ: "ಮೊನ್ನೆ ಫೋನಲ್ಲಿ ಬತ್ತೀನಿ ಅಂದ್ಯಲ್ಲ. ಯಾವ ಬತ್ತೀನಿ ಅದು?"

"ಆಸ್ಪತ್ರೆಗೆ ಬತ್ತೀನಿ ಅಂತ."

"ಅಷ್ಟೇನಾ?"

"ಟೆಸ್ಟ್ ಇನ್ನೂ ಮುಗ್ದಿಲ್ಲ. ಹೇಳಿದ್ದನ್ನ ಸರಿಯಾಗಿ ಕೇಳಿಸ್ಕೊಂಡು ತಿರುಗಿ ಹೇಳ್ಬೇಕು." ಅಂಗೈಯನ್ನು ಇನ್ನಷ್ಟು ಒತ್ತಿ ಹಿಡಿದಳು. ಈ ಸಲ ಬರುವುದಕ್ಕೂ ಹೋಗುವುದಕ್ಕೂ ನಡುವೆ ಯಾವ ಸಂದೇಹವೂ ಉಳಿಯದ ಹಾಗೆ, ಒಂದೊಂದೇ ಅಕ್ಷರ ಬಿಡಿಸಿ ಹೇಳಿದಳು. "ನಿಮ್ಮನೆಗೆ ಬತ್ತೀನಿ."

ಅವನ ಕಣ್ಣಂಚಿನಿಂದ ಒಂದು ಹನಿ ಇಳಿದು ದಿಂಬಿಗೆ ಸೇರಿತು. ತುಟಿಯ ಕೊನೆ ಮಾತ್ರ ಹಳೆಯ ತುಂಟತನದಿಂದ ಅಲುಗಿತು.

"ಕೇಳಿಸ್ಲಿಲ್ಲ ಮೇಡಂ. ಇನ್ನೊಂದ್ಸಲ."

ಪ್ರಜ್ಞಾ ಬಾಯಿಗೆ ಅಡ್ಡ ಹಿಡಿದಿದ್ದ ಅಂಗೈಯನ್ನು ತೆಗೆದಳು. ಅದನ್ನು ಅವನ ಕೈಯೊಳಗಿಟ್ಟು, ಅವನಿಗೆ ತನ್ನ ತುಟಿ ಕಾಣುವಷ್ಟು ಹತ್ತಿರಕ್ಕೆ ಬಗ್ಗಿ, ಮತ್ತೆ ಹೇಳಿದಳು.